ಅವಳು ಮಾಸಿ, ನಾನು ಆಂಟಿ

ನಮ್ಮ ಕೆಳಗಿನ ಫ್ಲಾಟಿನಲ್ಲಿ ಒಂದು ಗುಜರಾತಿ ಸಂಸಾರವಿದೆ. ಸೂರತ್ತಿನ ರಿಂಗ್ ರೋಡಿನ ಬಟ್ಟೆ ಮಾರ್ಕೆಟ್ಟಿನಲ್ಲಿ ಅವರದು ಅಜ್ಜನ ಕಾಲದ ಸೀರೆ ಅಂಗಡಿ. ಹೋದ ವರ್ಷ ಆ ಮನೆಯ ಸೊಸೆ ಮಕ್ಕಳ ರೂಮಿನಿಂದ ಮಂಚ ತೆಗೆಸಿ, ಗೋಡೆಗೆ ಬಿಳಿ ಪರದೆ ಕಟ್ಟಿ, ಬಳೆಯ ಹಾಗೆ ದುಂಡಗಿರುವ ಒಂದು ಲೈಟು ತರಿಸಿದಳು. ಅದರ ನಡುವೆ ಫೋನ್ ಸಿಕ್ಕಿಸಿ ಎದುರಿಗೆ ಸೀರೆ ಬಿಚ್ಚಿ ತೋರಿಸಿದರೆ ಎಲ್ಲೆಲ್ಲಿಯ ಹೆಂಗಸರೋ ತಮ್ಮ ಮನೆಯ ಸೋಫಾದ ಮೇಲೆ ಕೂತು ನೋಡುತ್ತಾರೆ. ಮನಸ್ಸಿಗೆ ಬಂದದ್ದರ ಸ್ಕ್ರೀನ್‌ಶಾಟ್ ಕಳಿಸುತ್ತಾರೆ, ಪಾರ್ಸಲ್ ಹೋಗುತ್ತದೆ. ಇದಕ್ಕೆ ಲೈವ್ ಎಂದು ಹೆಸರು. ಅತ್ತ ಮಾವ ಅಂಗಡಿಯ ಗಾದಿಯ ಮೇಲೆ ನೊಣ ಹೊಡೆಯುತ್ತ ಕೂತಿದ್ದರೆ, ಇತ್ತ ಸೊಸೆ ಮಕ್ಕಳ ರೂಮಿನಿಂದ ಮೂಟೆ ಮೂಟೆ ಕಳಿಸುತ್ತಿದ್ದಳು.

ಕರ್ನಾಟಕದ ಗಿರಾಕಿಗಳು ಹೆಚ್ಚಿದಾಗ ಅವಳು ಮೇಲೆ ಬಂದು ನಮ್ಮ ಬೆಲ್ ಒತ್ತಿದಳು. ಹಿಂದಿಯಲ್ಲಿ ಹೇಳಿದರೆ ಅಲ್ಲಿಯವರಿಗೆ ನಂಬಿಕೆ ಬರುವುದಿಲ್ಲ, ಕನ್ನಡದವರೇ ಬೇಕು ಎಂದಳು. "ಆಂಟಿ, ಆಪ್ ತೋ ಇತನೀ ಪಢೀ-ಲಿಖೀ ಹೋ" ಎಂದು ನನ್ನ ಓದನ್ನು ಹೊಗಳಿ ಕೈ ಹಿಡಿದುಕೊಂಡಳು. ನಾನು ಯೋಚಿಸಿ ಹೇಳುತ್ತೇನೆ ಎಂದೆ. ಬಾಗಿಲು ಮುಚ್ಚಿದ ಕೂಡಲೇ ಬೀರು ತೆಗೆದು ಯಾವ ಸೀರೆ ಉಡಲಿ ಎಂದು ನೋಡತೊಡಗಿದೆ.

ಅದಕ್ಕೆ ಕಾರಣವಿತ್ತು. ಮೈಸೂರಿನ ಕಾನ್ವೆಂಟಿನಲ್ಲಿ ಸಿಸ್ಟರ್‌ಗಳು ನಮ್ಮ ಬೆನ್ನಿಗೆ ಸ್ಕೇಲು ಹಿಡಿದು ಎಲೊಕ್ಯೂಷನ್ ಕಲಿಸಿದವರು. ಮುಂದೆ ನನ್ನ ಗಂಡನಿಗೆ ಬ್ಯಾಂಕಿನಲ್ಲಿ ವಡೋದರಾಕ್ಕೆ ವರ್ಗವಾದಾಗ ಅಲ್ಕಾಪುರಿಯ ನಮ್ಮ ಮನೆಯ ಹಾಲಿನಲ್ಲೇ ನಾನು ಸ್ಪೋಕನ್ ಇಂಗ್ಲಿಷ್ ಕ್ಲಾಸ್ ನಡೆಸಿದೆ. ಫಾರಿನ್ ಸಂಬಂಧ ಕುದುರಿದ ಹುಡುಗಿಯರೆಲ್ಲ ನನ್ನ ಹತ್ತಿರ ಬರುತ್ತಿದ್ದರು. ಅವರ ಅಮ್ಮಂದಿರು ಕೆಳಗೆ ಕಾರಿನಲ್ಲಿ ಕಾಯುತ್ತಿದ್ದರು. ಮೇಡಂ, ಮೇಡಂ ಎಂದು ಊರೆಲ್ಲ ಕರೆಯುತ್ತಿತ್ತು. ಸೂರತ್ತಿಗೆ ಬಂದ ಮೇಲೂ ಕೆಲವು ವರ್ಷ ನಡೆಯಿತು. ಆಮೇಲೆ ಹುಡುಗಿಯರು ಫೋನಿನಲ್ಲೇ ಕಲಿಯತೊಡಗಿದರು. ನನ್ನ ಹಾಲಿನ ಕುರ್ಚಿಗಳು ಖಾಲಿಯಾದವು. ಇಷ್ಟು ಕಾಲದ ಮೇಲೆ ಒಬ್ಬಳು ನನ್ನನ್ನು ಬೇಕು ಎಂದಿದ್ದಳು. ಆ ಲೈಟಿನ ಎದುರಿನ ಜಾಗ ನನಗೆ ಬೇಕಾಗಿತ್ತು, ಅಷ್ಟೇ.

ಮೊದಲ ದಿನ ಜೊತೆಗೆ ನನ್ನ ವಾರಗಿತ್ತಿಯೂ ಬಂದಳು. ಅವಳು ನನ್ನ ಮೈದುನನ ಹೆಂಡತಿ, ಗದಗಿನ ಕಡೆಯವಳು, ಓದಿದ್ದು ಏಳನೇ ಕ್ಲಾಸು. ಸೂರತ್ತಿನ ಹೊರವಲಯದ ಸಚಿನ್ ಎಂಬಲ್ಲಿ ಬಟ್ಟೆಗೆ ಬಣ್ಣ ಹಾಕುವ ಮಿಲ್ಲಿನಲ್ಲಿ ಮೈದುನ ಕೆಲಸಕ್ಕಿದ್ದುದರಿಂದ ಅವರ ಸಂಸಾರ ಮೊದಲಿಂದಲೂ ಆ ಕಡೆಯೇ. ಬರೀ ನೋಡಲಿಕ್ಕೆಂದು ಬಂದವಳು ಬಾಗಿಲ ಹತ್ತಿರ ನೆಲದ ಮೇಲೆ ಕಾಲು ಚಾಚಿ ಕೂತು ಸೊಸೆ ಕೊಟ್ಟ ಫಾಫಡಾ ಎಂಬ ಕಡಲೆಹಿಟ್ಟಿನ ಕುರುಕಲು ತಿನ್ನುತ್ತಿದ್ದಳು.

ನಾನು ತಯಾರಾಗಿಯೇ ಹೋಗಿದ್ದೆ. "ನಮಸ್ಕಾರ, ಲೇಡೀಸ್. ಇದು ಲ್ಯಾವೆಂಡರ್ ಶೇಡ್. ಸೆರಗಿನ ಮೋಟಿಫ್ ಗಮನಿಸಿ" ಎಂದು ಒಂದೊಂದು ಅಕ್ಷರವನ್ನೂ ಸ್ಪಷ್ಟವಾಗಿ ಹೇಳಿದೆ. ಫೋನಿನ ಮೂಲೆಯಲ್ಲಿ ಪುಟ್ಟ ಕಣ್ಣಿನ ಗುರುತಿದೆ. ಎಷ್ಟು ಜನ ನೋಡುತ್ತಿದ್ದಾರೆಂದು ಅದರ ಪಕ್ಕದಲ್ಲಿ ಗೊತ್ತಾಗುತ್ತದೆ. ನಾನು ಮಾತಾಡಿದಷ್ಟೂ ಅದು ಇಳಿಯುತ್ತ ಹೋಯಿತು. ನಾನು ನೀರಿಗೆ ಕೈ ಚಾಚಿದಾಗ ಬಾಗಿಲ ಹತ್ತಿರದಿಂದ ವಾರಗಿತ್ತಿ ಅಂದಳು:

"ಅಕ್ಕಾರ, ಅದು ಬದನಿಕಾಯಿ ಬಣ್ಣ ಅಲ್ಲೇನ್ರಿ? ಹಂಗ ಅನ್ರಿ, ತಿಳೀತೈತಿ."

ಸೊಸೆಗೆ ಮಾತು ಅರ್ಥವಾಗಲಿಲ್ಲ, ಆದರೆ ಕಾಮೆಂಟುಗಳು ಓಡುವುದು ಕಂಡಿತು. ವಾರಗಿತ್ತಿಯನ್ನು ಎಬ್ಬಿಸಿ ತಂದು ನನ್ನ ಪಕ್ಕದಲ್ಲಿ ನಿಲ್ಲಿಸಿದಳು. ಕೈಯನ್ನು ಸೆರಗಿಗೆ ಒರೆಸಿಕೊಂಡು ಅವಳು ಶುರುಮಾಡಿದಳು:

"ಊಟ ಆತೇನ್ರಿ ಎಲ್ಲಾರ್ದೂ? ಈ ಸೀರಿ ಹೋಳಿಗಿ ಮಾಡೂ ದಿನ ಉಡಬ್ಯಾಡ್ರಿ, ಎಣ್ಣಿ ಬಿದ್ರ ಕಲಿ ಹೋಗಂಗಿಲ್ಲ. ಬೀಗರ ಮನಿಗೆ ಹೋಗೂ ಮುಂದ ಉಡ್ರಿ. ರೇಷ್ಮಿ ಐತಿ."

"ಮಾಸಿ, ರೇಶಮ್ ನಹೀಂ, ಜಾರ್ಜೆಟ್" ಎಂದು ಸೊಸೆ ಪಿಸುಗುಟ್ಟಿದಳು.

"ರೇಷ್ಮಿ ಅಲ್ಲಂತ್ರಿ. ಛಲೋನ ಆತು, ಒಗಿಯಾಕ ಹಗುರ."

ಆ ಸೀರೆ ಖಾಲಿಯಾಯಿತು. ಅದರ ಬೇರೆ ಬಣ್ಣಗಳೂ ಖಾಲಿಯಾದವು. ನನಗೆ ಮಾತ್ರ ಒಂದು ಶಬ್ದ ಕಿವಿಯಲ್ಲಿ ಉಳಿಯಿತು. ಎಷ್ಟೋ ವರ್ಷದಿಂದ ಒಂದೇ ಮೆಟ್ಟಿಲು ಹತ್ತಿ ಇಳಿಯುವ ನಾನು ಈ ಸೊಸೆಗೆ ಆಂಟಿ. ಅರ್ಧ ಗಂಟೆಯ ಪರಿಚಯದವಳು ಮಾಸಿ, ಅಂದರೆ ತಾಯಿಯ ತಂಗಿ.

ಮರುದಿನ ಸೊಸೆ ಬಹಳ ನಯವಾಗಿ, ಆಂಟಿಗೆ ಸುಸ್ತಾಗುತ್ತದೆ, ರೆಸ್ಟ್ ತೆಗೆದುಕೊಳ್ಳಬೇಕು ಎಂದಳು. ಸೀರೆಗಳ ವಿವರಣೆಯನ್ನು ಇಂಗ್ಲಿಷಿನಲ್ಲಿ ಬರೆದುಕೊಡಲೇ ಎಂದು ಕೇಳಿದೆ. ಅವಳು ಫೋಟೋ ತೆಗೆದು ಫೋನಿಗೆ ಏನೋ ಹೇಳಿದಳು. ನಾನು ಕನ್ನಡಕ ಹಾಕಿಕೊಳ್ಳುವಷ್ಟರಲ್ಲಿ ಒಂದು ಇಡೀ ಪ್ಯಾರಾಗ್ರಾಫ್ ಬಂದಿತ್ತು. ತಪ್ಪು ಹುಡುಕಿದೆ. 'ಟೈಮ್‌ಲೆಸ್' ಎಂಬ ಪದವನ್ನು ಹೊಡೆದುಹಾಕಬಹುದಿತ್ತು, ಉಳಿದಂತೆ ಚೊಕ್ಕವಾಗಿತ್ತು. ಕಾಲ ಬದಲಾಗಿದೆ ಎಂದು ಪೇಪರಿನಲ್ಲಿ ಓದಿದ್ದೆ. ನಾನು ಆಯುಷ್ಯವೆಲ್ಲ ಮಾರಿಕೊಂಡು ಬಂದ ಸರಕು ಪುಕ್ಕಟೆಯಾಗಿದೆ, ಗದಗಿನ ಅಡುಗೆಮನೆಯ ಮಾತಿಗೆ ಗಿರಾಕಿ ಬಂದಿದೆ ಎಂದು ಅವತ್ತು ತಿಳಿಯಿತು.

ಆ ಚಳಿಗಾಲವಿಡೀ ನಾನು ಮಧ್ಯಾಹ್ನ ಬಾಲ್ಕನಿಯಲ್ಲಿ ನಿಂತಿರುತ್ತಿದ್ದೆ. ವಾರಗಿತ್ತಿ, ಸೊಸೆ ಕಳಿಸಿದ ಆಟೋದಿಂದ ಇಳಿಯುತ್ತಿದ್ದಳು. ಸಂಬಳ ಎಷ್ಟೆಂದು ನಾನು ಕೇಳಲಿಲ್ಲ. ಕೇಳಿದ್ದರೆ ಊಟ ಸೇರುತ್ತಿರಲಿಲ್ಲ. ಕನ್ನಡ ಸಂಘದಲ್ಲಿ ಎಳ್ಳುಬೆಲ್ಲ ಹಂಚುವಾಗ ಅಹಮದಾಬಾದಿನಿಂದ ಬಂದ ಹೆಂಗಸರು ನನ್ನನ್ನು ದಾಟಿಕೊಂಡು ಹೋಗಿ ಅವಳ ಜೊತೆ ಸೆಲ್ಫಿ ತೆಗೆಸಿಕೊಂಡರು. ನಾನು ಮನೆಗೆ ಬಂದು, ಅವಳ ಕನ್ನಡಕದ ಹೊಸ ಫ್ರೇಮ್ ಅವಳ ಮುಖಕ್ಕೆ ದೊಡ್ಡದಾಯಿತು ಎಂದೆ. ನನ್ನ ಗಂಡ ಟಿವಿಯಿಂದ ಕಣ್ಣು ತೆಗೆಯದೆ ಹೇಳಿದರು: "ಅವತ್ತ ಲೈವಿಗೆ ನೀ ಸೀರಿ ಮಾರಾಕ ಹೋಗಿರಲಿಲ್ಲ ಬಿಡು, ಪ್ರೈಜ್ ತಗೊಳ್ಳಾಕ ಹೋಗಿದ್ದಿ."

ಹೋಳಿಯ ಹೊತ್ತಿಗೆ ಸೊಸೆ ಮತ್ತೆ ಮೇಲೆ ಬಂದಳು. ಗಿರಾಕಿಗಳು ಕನ್ನಡವನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆಯುತ್ತಾರೆ, ಮಾಸಿಗೆ ಅದನ್ನು ಓದಲು ಬರುವುದಿಲ್ಲ, ಆಂಟಿ ಫೋನಿನ ಹಿಂದೆ ಕೂತು ಓದಿ ಹೇಳಬಹುದೇ ಎಂದಳು. ಬೇಡ ಎನ್ನಲು ಬಾಯಿ ತೆರೆದೆ. ಹ್ಞೂಂ ಎಂದಿದ್ದೆ.

ಹೀಗೆ ನಾನು ಲೈಟಿನ ಹಿಂದಿನ ಕತ್ತಲಲ್ಲಿ ಕೂತು "ಅಮ್ಮಾ, ಆ ಹಸಿರು ಮತ್ತೊಮ್ಮೆ ತೋರಿಸಿ" ಎಂದು ಓದುತ್ತಿದ್ದೆ. ವಾರಗಿತ್ತಿ ತೋರಿಸುತ್ತಿದ್ದಳು. ನಾನು ಓದುತ್ತಿದ್ದ ಹೊಗಳಿಕೆಯೆಲ್ಲ ಅವಳಿಗೆ ಬಂದದ್ದು; ಒಮ್ಮೊಮ್ಮೆ ಒಂದೆರಡನ್ನು ಓದದೆ ಬಿಡುತ್ತಿದ್ದೆ. ಆದರೆ ಕೆಲವು ದಿನಗಳಲ್ಲಿ ಬೇರೆಯೇ ಒಂದು ಪ್ರಶ್ನೆ ಬರತೊಡಗಿತು. ಹಿಂದಿನಿಂದ ಓದುವ ಇಂಗ್ಲಿಷ್ ಅಮ್ಮ ಯಾರು, ಅವರ ಮುಖ ತೋರಿಸಿ. ಇದನ್ನು ಮಾತ್ರ ನಾನು ಎರಡು ಸಲ ಓದಿದೆ.

"ನಮ್ಮ ಅಕ್ಕಾರ್ರೀ. ಭಾಳ ಶ್ಯಾಣೇರು. ಇಂಥಾ ಸೀರಿ ಮುಟ್ಟಂಗಿಲ್ಲ ಅವರು" ಎಂದು ವಾರಗಿತ್ತಿ ನಕ್ಕಳು. ಸೊಸೆ ಒಂದು ಸ್ಟೂಲು ತಂದು ಅವಳ ಪಕ್ಕದಲ್ಲಿ ಹಾಕಿದಳು. ನಾನು ಕೂದಲು ಸರಿಮಾಡಿಕೊಂಡು ಬೆಳಕಿಗೆ ಬಂದು ಕೂತೆ. ಈ ಸಲ ಏನೂ ಮಾತಾಡಬಾರದೆಂದು ನಿಶ್ಚಯಿಸಿದ್ದೆ. ಕಾಮೆಂಟುಗಳನ್ನು ಸೊಸೆಯೇ ತಡವರಿಸುತ್ತ ಓದಿದಳು. ಒಂದರಲ್ಲಿ ಯಾರೋ ಕೇಳಿದ್ದರು, ಇವುಗಳಲ್ಲಿ ಅಕ್ಕಾರು ಉಡುವುದಾದರೆ ಯಾವುದು?

ವಾರಗಿತ್ತಿ ಕೈಯಲ್ಲಿ ಗಿಣಿಹಸಿರಿನ ಜರಿಯಂಚಿನ ಸೀರೆ ಹಿಡಿದಿದ್ದಳು. ನಾನು ಅದರ ಕೆಳಗೆ ಮಡಚಿ ಬಿದ್ದಿದ್ದ, ತಿಂಗಳಿಂದ ಯಾರೂ ಕೇಳದ ಬೂದುಬಣ್ಣದ ಸೀರೆಗೆ ಬೆರಳು ತೋರಿಸಿದೆ.

"ಅಯ್ಯ, ಅದೇನ್ರಿ ಅಕ್ಕಾರ, ಬೂದಿ ಬಣ್ಣ."

"ಇರಲಿ. ನಾನಾದರೆ ಇದನ್ನೇ ಉಡೋದು."

ಸೊಸೆ ಫೋನ್ ನೋಡುತ್ತಲೇ ಅದೇ ಸೀರೆಯ ಮತ್ತೊಂದು, ಮತ್ತೊಂದು ಎಂದು ರಾಶಿಯಲ್ಲಿ ಹುಡುಕತೊಡಗಿದಳು. ಆ ಬೂದಿ ಬಣ್ಣದ್ದು ಇದ್ದಷ್ಟೂ ಹೋಯಿತು. ಗಿಣಿಹಸಿರು ಹಾಗೇ ವಾರಗಿತ್ತಿಯ ಕೈಯಲ್ಲಿತ್ತು. ಅವಳ ಮುಖದಲ್ಲಿ ನಗು ಇತ್ತು, ತುಟಿಯ ಒಂದು ಬದಿಯಲ್ಲಿ ಮಾತ್ರ. ಆ ಬಗೆಯ ನಗು ನನಗೆ ಚೆನ್ನಾಗಿ ಗೊತ್ತು. ಚಳಿಗಾಲವೆಲ್ಲ ಬಾಲ್ಕನಿಯಿಂದ ನಾನು ಅವಳಿಗೆ ಕೊಟ್ಟದ್ದು ಅದನ್ನೇ. ನೋಡಿ ನನಗೆ ಪಾಪ ಎನಿಸಬೇಕಿತ್ತು. ಮನೆಗೆ ಹೋಗಿ ಎರಡು ಚಪಾತಿ ಹೆಚ್ಚಿಗೆ ತಿಂದೆ.

ಮರುದಿನ ನಾನು ಹೋಗುವಷ್ಟರಲ್ಲಿ ನನ್ನ ಸ್ಟೂಲು ಅವಳದಕ್ಕಿಂತ ಒಂದು ಗೇಣು ಹಿಂದೆ ಸರಿದಿತ್ತು.

"ಲೈಟ್ ಕಣ್ಣಿಗೆ ಹೊಡಿತೈತ್ರಿ ಅಕ್ಕಾರ. ನಿಮಗ ತ್ರಾಸ ಆಕ್ಕೈತಿ ಅಂತ ನಾನ ಸರಿಸೇನಿ."

"ಸೋ ಸ್ವೀಟ್ ಆಫ್ ಯು" ಎಂದೆ. ಸ್ಟೂಲನ್ನು ಮುಂದಕ್ಕೆಳೆದುಕೊಂಡು ಕೂತೆ.