ಉತ್ತರಕ್ಕೆ ಕಾದ ಎರಡು ವರ್ಷ

ಇಪ್ಪತ್ತೆಂಟು ವರ್ಷ ಸೈನ್ಯದಲ್ಲಿ ಗುಮಾಸ್ತನಾಗಿದ್ದ ನನಗೆ ಅರ್ಜಿಯ ಕ್ರಮವನ್ನು ಯಾರೂ ಹೇಳಿಕೊಡಬೇಕಿರಲಿಲ್ಲ. ಜ್ವರ ಬಂದು ಕಾವಲಿನ ಪಾಳಿಯಲ್ಲಿ ಮಲಗಿಬಿಟ್ಟ ಅಕ್ಕನ ಮಗನನ್ನು ಸೈನ್ಯದಿಂದ ವಜಾ ಮಾಡಿದಾಗ, ಅವನು ನೇರ ಶೆಟಗೇರಿಯ ನನ್ನ ಮನೆಗೆ ಬಂದ. ಶಿಕ್ಷೆ ರದ್ದುಪಡಿಸಬೇಕೆಂದು ಮೇಲಿನ ಕಚೇರಿಗೆ ಮನವಿ ಬರೆದವನು ನಾನೇ.

"ಉತ್ತರ ಬರುವವರೆಗೆ ಕೋರ್ಟಿಗೆ ಹೋಗಬೇಡ. ಅದು ಶಿಸ್ತಲ್ಲ" ಎಂದೆ.

ಅಂಕೋಲೆಯ ಪೆಟ್ರೋಲ್ ಪಂಪಿನಲ್ಲಿ ದುಡಿಯುತ್ತ ಅವನು ಎರಡು ವರ್ಷ ಕಾದ. ಉತ್ತರ ಬರಲಿಲ್ಲ.

ಕೊನೆಗೆ ಕಾರವಾರದ ವಕೀಲರೊಬ್ಬರಲ್ಲಿಗೆ ಹೋದೆವು.

"ಆರು ತಿಂಗಳು ಉತ್ತರ ಬರದಿದ್ದರೆ, ಮುಂದಿನ ಆರು ತಿಂಗಳೊಳಗೆ ಸೈನ್ಯದ ನ್ಯಾಯಮಂಡಳಿಗೆ ಹೋಗಬೇಕಿತ್ತು. ಕಾಯುವುದರಲ್ಲಿ ನೀವು ಭಾರೀ ಶಿಸ್ತಿನವರು!" ಎಂದರು ಅವರು. "ಈಗ ತಡವಾದದ್ದಕ್ಕೆ ಕಾರಣ ಕೊಟ್ಟು ಮನ್ನಿಸಿ ಎಂದು ಕೇಳಬೇಕು. ಮನ್ನಿಸದಿದ್ದರೆ ಕೇಸು ಅಲ್ಲಿಗೇ ಮುಗೀತು. ಏನು ಕಾರಣ ಬರೆಯಲಿ?"

"ಕಾಯಲು ಹೇಳಿದವನು ನಾನು. ಹಾಗೇ ಬರೀರಿ" ಎಂದೆ.

"ನೀ ಸುಮ್ನಿರು ಮಾವ" ಎಂದು ಅವನು ವಕೀಲರತ್ತ ತಿರುಗಿದ. "ನಂಗೆ ಕಾಯ್ದೆ ಗೊತ್ತಿರ್ಲಿಲ್ಲ ಅಂತ ಬರೀರಿ, ಸರ್."

"ಅದು ಗಟ್ಟಿ ಕಾರಣ ಅಲ್ಲ."

"ಇರ್ಲಿ" ಎಂದ. ವಕೀಲರು ಹಾಗೇ ಬರೆದುಕೊಟ್ಟ ಅರ್ಜಿಗೆ ನನ್ನ ಕಡೆ ನೋಡದೆ ಸಹಿ ಹಾಕಿದ.