ಬಾಲಿಯಲ್ಲಿ ಅತ್ತೆ ಈಜಿದ್ದು

ಬಾಲಿ ದ್ವೀಪಕ್ಕೆ ನಾವು ಮೂವರು ಹೋಗುವವರಿದ್ದೆವು. ನಾನು, ನನ್ನ ಯಜಮಾನರು ಮತ್ತು ಅತ್ತೆ. ಮಾವ ತೀರಿಕೊಂಡು ವರ್ಷ ಕಳೆದಿತ್ತು. ತಾಯಿಗೆ ಒಮ್ಮೆಯಾದರೂ ಸಮುದ್ರ ತೋರಿಸಬೇಕೆಂದು ಯಜಮಾನರ ಆಸೆ. ರಾಯಚೂರಿನ ಟೂರ್ ಏಜೆಂಟರೊಬ್ಬರು ಒಂದು ತಂಡ ಕೂಡಿಸುತ್ತಿದ್ದರು. ಬಸ್ಸಿನಲ್ಲಿ ಇಡೀ ದ್ವೀಪ ಸುತ್ತಿಸಿ, ಬೆಂಕಿಪರ್ವತ, ಕೆರೆ, ಗುಡಿಗಳನ್ನು ತೋರಿಸಿ, ದಿನಾ ನಮ್ಮ ಕಡೆಯ ಊಟವನ್ನೂ ಹಾಕಿಸಿ ಕರೆತರುವ ಪ್ರವಾಸ. ಪಾಸ್‌ಪೋರ್ಟು ಬಂತು, ಟಿಕೆಟ್ಟೂ ಆಯಿತು. ಇನ್ನೇನು ಹೊರಡಬೇಕು ಅನ್ನುವಾಗ ಯಜಮಾನರ ರಜೆ ರದ್ದಾಯಿತು.

"ನೀವಿಬ್ಬರ ಹೋಗಿ ಬರ್ರಿ" ಎಂದರು ಅವರು.

ಮದುವೆಯಾಗಿ ಇಪ್ಪತ್ತು ವರ್ಷ ಮೀರಿದ್ದರೂ ಅತ್ತೆಯ ಜೊತೆ ನಾನೊಬ್ಬಳೇ ಒಂದು ದಿನ ಪೂರ್ತಿ ಕಳೆದವಳಲ್ಲ. ಅವರು ಕಲ್ಲೂರಿನಲ್ಲಿ ಹಿರಿಯ ಮಗನ ಮನೆಯಲ್ಲಿರುತ್ತಿದ್ದರು. ಹಬ್ಬಕ್ಕೋ ದವಾಖಾನೆಗೋ ರಾಯಚೂರಿಗೆ ಬಂದರೆ ನಮ್ಮಲ್ಲಿ ನಾಲ್ಕು ದಿನ. ನಾನು ದೇವದುರ್ಗದ ಶಾಲೆಯಲ್ಲಿ ಟೀಚರು. ಬೆಳಿಗ್ಗೆ ಬಸ್ಸು ಹತ್ತಿದರೆ ಮನೆಗೆ ಮರಳುವುದು ಸಂಜೆಗೇ. ನಮ್ಮಿಬ್ಬರ ನಡುವೆ ಜಗಳವೆಂಬುದು ಯಾವತ್ತೂ ಆಗಿರಲಿಲ್ಲ. "ಅತ್ತಿ ಸೊಸಿ ಅಂದ್ರ ಹಿಂಗಿರಬೇಕು ನೋಡ್ರಿ" ಎಂದು ಓಣಿಯವರು ಹೊಗಳುತ್ತಿದ್ದರು. ಜಗಳವಾಡಬೇಕಾದರೂ ಮಾತಾಡಬೇಕಲ್ಲ, ನಮ್ಮಲ್ಲಿ ಮಾತೇ ಇರಲಿಲ್ಲ. ಚಹಾ ಬೇಕೆಂದರೆ ಅವರು ನನಗೆ ಹೇಳುತ್ತಿರಲಿಲ್ಲ. "ನಿಮ್ಮವ್ವಗ ಚಾ ಇಡು ಅನ್ನು" ಎಂದು ನನ್ನ ಮಗಳಿಗೆ ಹೇಳುತ್ತಿದ್ದರು. ಅಡುಗೆಮನೆ ಅಲ್ಲೇ ನಾಲ್ಕು ಹೆಜ್ಜೆ, ನನಗೆ ಕೇಳಿಸುತ್ತಿತ್ತು. ಆದರೂ ಮಗಳು ಬಂದು ಹೇಳಿದ ಮೇಲೆಯೇ ನಾನು ಪಾತ್ರೆ ಇಡುತ್ತಿದ್ದೆ.

ಮಗ ಬರುವುದಿಲ್ಲವೆಂದರೆ ಅವರೂ ಬೇಡವೆನ್ನಬಹುದು ಎಂದು ಲೆಕ್ಕ ಹಾಕಿ ಕಲ್ಲೂರಿಗೆ ಫೋನು ಮಾಡಿದೆ.

"ಅವರು ಬರಂಗಿಲ್ಲಂತ್ರಿ ಅತ್ತೀ. ನಾವಿಬ್ಬರೇ ಆಗ್ತೀವಿ" ಎಂದೆ.

"ನಾ ನಿನಗ ಭಾರ ಆಗ್ತೀನೇನು?" ಎಂದರು.

"ಇಲ್ರಿ, ಹಂಗಲ್ರಿ."

"ಹಂಗಾರ ಬರ್ತೀನಿ."

ಹೈದರಾಬಾದಿನಿಂದ ವಿಮಾನ. ನಮ್ಮ ತಂಡದಲ್ಲಿ ರಾಯಚೂರು, ಮಾನ್ವಿಯ ನಿವೃತ್ತರೇ ಹೆಚ್ಚು. ದ್ವೀಪದಲ್ಲಿ ಇಳಿದಾಗ ಗೈಡು ಕಾದಿದ್ದ. ಅಲ್ಲಿಯವನೇ, ತಲೆಗೆ ಬಟ್ಟೆ ಸುತ್ತಿಕೊಂಡಿದ್ದ, ಕೊರಳಲ್ಲಿ ಸೀಟಿ. ಹರಕು ಹಿಂದಿಯಲ್ಲಿ ಎಲ್ಲರನ್ನೂ ನಗಿಸುತ್ತ, ಸೀಟಿ ಊದಿದರೆ ಎಲ್ಲಿದ್ದರೂ ಬಸ್ಸಿಗೆ ಬರಬೇಕೆಂದು ಹೇಳಿದ. ಅತ್ತೆಯನ್ನು 'ಇಬು' ಎಂದು ಕರೆದ. ಅದೇನು ಎಂದು ಅತ್ತೆ ನನ್ನನ್ನು ಕೇಳಿದರು. ಅವರ ಭಾಷೆಯಲ್ಲಿ ತಾಯಿಗೆ ಹಾಗನ್ನುತ್ತಾರೆ ಎಂದೆ. ಫೋನಿನ ಆ ಮಾತು ಬಿಟ್ಟರೆ, ಮಧ್ಯದಲ್ಲಿ ಯಾರೂ ಇಲ್ಲದೆ ಅವರು ನನಗೆ ನೇರವಾಗಿ ಕೇಳಿದ ಮೊದಲ ಪ್ರಶ್ನೆ ಅದೇ ಇರಬೇಕು. ಬೇರೆಯವರಿಂದ ಕೇಳಿಸಲು ಅಲ್ಲಿ ಯಾರಿದ್ದರು?

ಮಾರನೆಯ ಬೆಳಿಗ್ಗೆ ನಾಷ್ಟಾಕ್ಕೆ ಕೂತಾಗ ನಾನು ಅವರಿಗೆ ತಟ್ಟೆ ತಂದಿಟ್ಟು ಪಕ್ಕದಲ್ಲಿ ನಿಂತೆ. ರೂಢಿ. ಅವರು ಸುತ್ತ ನೋಡಿದರು. ಹೋಟೆಲಿನ ಹುಡುಗಿಯರ ಹೊರತು ನಿಂತವರು ಯಾರೂ ಇರಲಿಲ್ಲ.

"ನಿಂತಿಯಲ್ಲ? ಕೂತು ಉಣ್ಣು" ಎಂದರು.

ಎದುರಿಗೆ ಕೂತೆ. ಅವರು ಬಲಬದಿಯ ಹಲ್ಲಿನಿಂದಷ್ಟೇ ಅಗಿಯುತ್ತಾರೆ ಎಂಬುದು ನನಗೆ ಅಂದೇ ಗೊತ್ತಾದದ್ದು. ಇಷ್ಟು ವರ್ಷ ಅವರಿಗೆ ಬಡಿಸಿದ್ದೆ, ಉಣ್ಣುವುದನ್ನು ನೋಡಿರಲಿಲ್ಲ.

ಬಸ್ಸು ಬಡಗಣ ದಂಡೆಗೆ ಹೋಯಿತು. ಅಲ್ಲಿಯ ಸಮುದ್ರದ ಉಸುಕು ಕಪ್ಪು. ಬೆಂಕಿಪರ್ವತ ಉಗುಳಿದ ಕಲ್ಲು ಸವೆದು ಸವೆದು ಹಾಗಾಗಿದೆ ಎಂದು ಗೈಡು ಹೇಳಿದ್ದನ್ನು ನಾನು ಕನ್ನಡದಲ್ಲಿ ಹೇಳಿದೆ. ಅತ್ತೆ ಬಗ್ಗಿ ಒಂದು ಹಿಡಿ ತೆಗೆದುಕೊಂಡು ಬೆರಳಲ್ಲಿ ತಿಕ್ಕಿದರು.

"ನೋಡಾಕ ನಮ್ಮ ಎರಿ ಹೊಲ ಇದ್ದಂಗ ಅದ. ಆದ್ರ ಇದರಾಗ ಹತ್ತಿ ಬರಂಗಿಲ್ಲ."

ನಾನು ನಕ್ಕುಬಿಟ್ಟೆ. ಅವರೂ ನಕ್ಕರು. ನೀರಿನ ಕಡೆ ತಿರುಗಿ ಬಹಳ ಹೊತ್ತು ನಿಂತಿದ್ದು, "ಕೃಷ್ಣಿಗಾದ್ರ ಆಚಿ ದಂಡಿ ಕಾಣ್ತದ" ಎಂದರು. ಅವರ ತವರು ದೇವಸುಗೂರಿನ ಹತ್ತಿರ, ಕೃಷ್ಣಾ ಹೊಳೆಯ ದಂಡೆಯ ಊರು. ಅಷ್ಟು ನನಗೆ ಗೊತ್ತಿತ್ತು. ಅದಕ್ಕಿಂತ ಹೆಚ್ಚು ಗೊತ್ತಿರಲಿಲ್ಲ.

ಅಲ್ಲಿಂದ ಬೆಂಕಿಪರ್ವತಕ್ಕೆ ಹೋದೆವು. ಮೇಲಿನ ರಸ್ತೆಯಿಂದ ನೋಡಿದರೆ ದೊಡ್ಡ ಬೋಗುಣಿಯಂಥ ಕಣಿವೆ, ಅದರ ನಡುವೆ ಪರ್ವತ, ಮಗ್ಗುಲಲ್ಲಿ ಕೆರೆ. ಪರ್ವತದ ಒಂದು ಬದಿ ಸುಟ್ಟ ಅನ್ನದ ತಳದ ಹಾಗೆ ಕರ್ರಗೆ ಹರಡಿಕೊಂಡಿತ್ತು. ಬಸ್ಸು ತಿರುವು ತಿರುವಾಗಿ ಕೆಳಗಿಳಿದು ಕೆರೆಯ ದಂಡೆಗೆ ಬಂತು. ಅಲ್ಲಿ ಭೂಮಿಯೊಳಗಿಂದ ಬರುವ ಬಿಸಿನೀರನ್ನು ಕೊಳಗಳಲ್ಲಿ ತುಂಬಿಸಿದ್ದರು. ಇಳಿಯುವವರು ಇಳಿಯಬಹುದು, ಇಲ್ಲದವರು ಕೂತು ನೋಡಬಹುದು ಎಂದ ಗೈಡು. ನಮ್ಮ ಹೆಂಗಸರೆಲ್ಲ ನಾಚಿಕೊಂಡು ಒಬ್ಬರನ್ನೊಬ್ಬರು ತಳ್ಳುತ್ತಿದ್ದರು. ಅತ್ತೆ ನನ್ನ ಹತ್ತಿರ ಬಂದು ಮೆಲ್ಲಗೆ ಅಂದರು:

"ನನಗೊಂದು ಜೊತಿ ನಿನ್ನ ಅರಿವಿ ಕೊಡು."

ಚೀಲದಲ್ಲಿದ್ದ ಚೂಡಿದಾರ ಕೊಟ್ಟೆ. ಹುಟ್ಟಿದಾಗಿನಿಂದ ಸೀರೆಯ ಹೊರತು ಬೇರೆ ಉಟ್ಟವರಲ್ಲ ಎಂದುಕೊಂಡಿದ್ದೆ. ಬಟ್ಟೆ ಬದಲಿಸಿ ಹೊರಗೆ ಬಂದಾಗ ಬೇರೆ ಯಾರೋ ಬಂದಂತಾಯಿತು, ಅಷ್ಟು ಸಣ್ಣಗೆ ಕಂಡರು.

"ಹ್ಯಾಂಗ ಕಾಣ್ತೀನಿ?"

"ಬೇಸ್ ಕಾಣ್ತೀರಿ ಅತ್ತೀ."

"ಸುಳ್ಳು ಹೇಳಬ್ಯಾಡ" ಎನ್ನುತ್ತ ಮೆಟ್ಟಿಲಿಳಿದರು. ಮೊಣಕಾಲು, ಸೊಂಟ, ಎದೆಯವರೆಗೆ ನೀರು. ಆಮೇಲೆ ತಲೆಯೇ ಕಾಣಿಸಲಿಲ್ಲ. ನಾನು ಚೀರಿದೆ. ಗೈಡು ಓಡಿಬಂದ. ಅಷ್ಟರಲ್ಲಿ ಕೊಳದ ಆಚೆಯ ಅಂಚಿನಲ್ಲಿ ಬಿಳಿಗೂದಲ ತಲೆ ಮೇಲೆದ್ದಿತು. ಮುಖದ ನೀರು ಒರೆಸಿಕೊಂಡು, ಅಲ್ಲಿಂದ ಕೈ ಬೀಸುತ್ತ ಅವರು ಈಜಿ ಬಂದರು. ಅವಸರವಿಲ್ಲ, ನೀರು ಚಿಮ್ಮಲೂ ಇಲ್ಲ. ಕೊಳದಲ್ಲಿದ್ದ ಪರದೇಶದವರು ಬದಿಗೆ ಸರಿದು ದಾರಿ ಬಿಟ್ಟರು. ನಮ್ಮ ತಂಡದವರು ಚಪ್ಪಾಳೆ ಹೊಡೆದರು.

"ನೀನೂ ಇಳಿ" ಎಂದರು.

"ನನಗ ಬರಂಗಿಲ್ರಿ."

"ಬರಲಾರದವರಿಗೇ ಕಲಿಸೋದು. ಇಳಿ."

ಇಳಿದೆ. ನೀರು ಹಿತವಾಗಿ ಬಿಸಿ ಇತ್ತು. ಅಂಗಾತ ಮಲಗು ಎಂದು ಬೆನ್ನ ಕೆಳಗೆ ಎರಡೂ ಅಂಗೈ ಇಟ್ಟರು. ನಾನು ಕೊರಡಿನಂತೆ ಬಿಗಿದುಕೊಂಡೆ.

"ಮೈ ಸಡ್ಲ ಬಿಡು. ನೀರಿನ ಕೂಡ ಜಗಳಕ್ಕ ಬಿದ್ರ ಮುಳುಗ್ತಿ. ನಾ ಹಿಡದೀನಿ."

ಮೈ ಬಿಟ್ಟೆ. ಕಿವಿಯೊಳಗೆ ನೀರು ಹೊಕ್ಕು ಲೋಕದ ಸದ್ದೆಲ್ಲ ನಿಂತುಹೋಯಿತು. ಮೇಲೆ ಪರ್ವತ, ಅದರ ತುದಿಗೆ ಅಂಟಿದ ಒಂದು ಮೋಡ. ಅತ್ತೆಯ ಅಂಗೈ ಒರಟಾಗಿ, ಗಟ್ಟಿಯಾಗಿ ಬೆನ್ನಿಗೆ ಹತ್ತುತ್ತಿತ್ತು. ಸೊಸೆಯಾಗಿ ಬಂದ ದಿನ ಅವರ ಕಾಲು ಮುಟ್ಟಿ ನಮಸ್ಕರಿಸಿದ್ದೆ. ಅವರು ನನ್ನನ್ನು ಹೀಗೆ ಮುಟ್ಟಿದ್ದು ನೆನಪಿಲ್ಲ. ನನಗೆ ಯಾಕೋ ಅಳು ಬಂತು. ಮುಖವೆಲ್ಲ ನೀರಾಗಿದ್ದರಿಂದ ಗೊತ್ತಾಗಲಿಲ್ಲ.

ಆಮೇಲೆ ಮೆಟ್ಟಿಲ ಮೇಲೆ, ಕಾಲು ನೀರಲ್ಲಿ ಬಿಟ್ಟು ಕೂತೆವು. ತವರಿನಲ್ಲಿ ಅಣ್ಣ ತಮ್ಮ ಬೆನ್ನಿಗೆ ಒಣಗಿದ ಸೋರೆಬುರುಡೆ ಕಟ್ಟಿ ಹೊಳೆಯಲ್ಲಿ ಈಜು ಕಲಿಸಿದ್ದನ್ನು ಅತ್ತೆ ಹೇಳಿದರು. ಹೊಳೆಯ ನಡುವಿನ ಬಂಡೆಯವರೆಗೆ ಹೋಗಿ ಬರುತ್ತಿದ್ದರಂತೆ.

"ಮದವಿ ಆದ ಮ್ಯಾಲ ಈಜಲಿಲ್ಲೇನ್ರಿ? ಕಲ್ಲೂರಾಗ ಬಾವಿ ಇದ್ದುವಲ್ಲ?"

ಅತ್ತೆ ನನ್ನ ಮುಖ ನೋಡಿದರು. "ಸೊಸಿ ಬಾವ್ಯಾಗ ಬಿದ್ದಳು ಅಂದ್ರ, ಈಜಾಕ ಬಿದ್ದಳು ಅಂತ ಯಾರ್ ಅಂತಾರಬೇ?"

ಹಾಗಂದು ನಗಲಾರಂಭಿಸಿದರು. ನನಗೂ ತಡೆಯಲಾಗಲಿಲ್ಲ. ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕೆವು. ನಗು ಮುಗಿದ ಮೇಲೆ ಅವರು, "ಮನ್ಯಾಗ ಯಾರಿಗೂ ಹೇಳಬ್ಯಾಡ. ಅವಗೂ ಹೇಳಬ್ಯಾಡ" ಎಂದರು. ಅವಗೆ ಎಂದರೆ ನನ್ನ ಯಜಮಾನರಿಗೆ. ಇಲ್ಲ ಎಂದೆ.

ಮಾರನೆಯ ದಿನ ಬಸ್ಸಿನಲ್ಲಿ ಅವರು ಕಿಟಕಿಯ ಜಾಗ ನನಗೆ ಬಿಟ್ಟುಕೊಟ್ಟರು. ದಾರಿಯುದ್ದಕ್ಕೂ ಮಾತು. ಮೆಟ್ಟಿಲು ಮೆಟ್ಟಿಲಾದ ಭತ್ತದ ಗದ್ದೆಗಳಿದ್ದ ಕಡೆ ಇಳಿದು, ಒಂದು ಬದುವಿನ ಮೇಲೆ ಇಬ್ಬರೇ ಕೂತೆವು. ಅಲ್ಲಿ ಅವರು ಗೆಳತಿಯ ಮಾತು ತೆಗೆದರು.

"ನನಗೊಬ್ಬಾಕಿ ಗೆಳತಿ ಇದ್ದಳು. ನನಗಿಂತ ಛಲೋ ಈಜ್ತಿದ್ದಳು. ನನ್ನ ಮದವಿ ಗೊತ್ತಾತಲ್ಲ, ಆವಾಗ ಇಬ್ಬರೂ ಒಂದಿನ ಹೊಳಿಗೆ ಹೋದ್ವಿ. ಆ ದಿನ ಏನಾತಂದ್ರ..."

ಸೀಟಿ ಕೇಳಿಸಿತು. "ಚಲೋ ಚಲೋ" ಎಂದು ಗೈಡು ಮೇಲಿನಿಂದ ಕೈ ಬೀಸುತ್ತಿದ್ದ. ನಮ್ಮ ತಂಡ ಆಗಲೇ ಏರು ಹತ್ತುತ್ತಿತ್ತು. ಅತ್ತೆ ಸೀರೆಯ ಮಣ್ಣು ಜಾಡಿಸಿಕೊಂಡು ಎದ್ದರು.

"ಆಮ್ಯಾಲ ಹೇಳ್ತೀನಿ ನಡಿ."

ಬಸ್ಸಿನಲ್ಲಿ ಎಲ್ಲರೂ ಅಂತ್ಯಾಕ್ಷರಿ ಶುರು ಮಾಡಿದ್ದರು. ರಾತ್ರಿ ಕೋಣೆಗೆ ಬಂದರೆ ಅತ್ತೆಗೆ ಮಲಗಿದ ತಕ್ಷಣ ನಿದ್ದೆ. ಮರುದಿನ ಗುಡಿಗಳ ಮೇಲೆ ಗುಡಿ, ಅದಾದ ಮೇಲೆ ಎಲ್ಲರೂ ಕೂಡಿ ಪೇಟೆಗೆ. ವಿಮಾನದಲ್ಲಿ ನಮಗೆ ಜೊತೆಗೆ ಸೀಟು ಸಿಗಲಿಲ್ಲ. ನಾನು ಅಷ್ಟೇನೂ ಚಡಪಡಿಸಲಿಲ್ಲ. ಇನ್ನು ಮಾತಿಗೆ ಬರವೇನು, ಮನೆಗೆ ಹೋದ ಮೇಲೆ ನಿಧಾನಕ್ಕೆ ಕೇಳಿದರಾಯಿತು ಎಂದುಕೊಂಡಿದ್ದೆ.

ಹೈದರಾಬಾದಿನಲ್ಲಿ ಯಜಮಾನರು ಕಾರು ತಂದಿದ್ದರು. ಗಾಜಿನ ಬಾಗಿಲಾಚೆ ಮಗನನ್ನು ಕಂಡದ್ದೇ ಅತ್ತೆ ಸೆರಗು ತಲೆಗೆಳೆದುಕೊಂಡರು. ಆ ಪ್ರವಾಸದಲ್ಲಿ ಸೆರಗು ತಲೆಯ ಮೇಲೆ ಇರಲೇ ಇಲ್ಲ ಎಂಬುದು ಆಗ ನನ್ನ ಗಮನಕ್ಕೆ ಬಂತು.

"ಯವ್ವಾ, ಹ್ಯಾಂಗಾತು?" ಎಂದು ಯಜಮಾನರು ಕೇಳಿದರು.

"ಬೇಸಾತಪ್ಪ. ಗುಡಿ ಭಾಳ ಅದಾವ."

ಮುಂದಿನ ಸೀಟಿನಲ್ಲಿ ತಾಯಿ ಮಗ, ಹಿಂದೆ ನಾನು. ರಾಯಚೂರು ಬರುವವರೆಗೆ ಅವರು ಒಮ್ಮೆಯೂ ಹಿಂತಿರುಗಲಿಲ್ಲ. ಮನೆಯಲ್ಲಿ ಕುರ್ಚಿಯ ಮೇಲೆ ಕೂತು ನನ್ನ ಮಗಳನ್ನು ಕರೆದು, "ನಿಮ್ಮವ್ವಗ ಚಾ ಇಡು ಅನ್ನು" ಎಂದರು. ನಾನು ಸೀದಾ ಅಡುಗೆಮನೆಗೆ ಹೋದೆ. ಆ ಕ್ಷಣ ನನಗೇನೂ ಬೇಸರವಾಗಲಿಲ್ಲ, ಅದನ್ನೂ ಹೇಳಬೇಕು. ಪರಿಚಯದ ಜಾಗಕ್ಕೆ ಬಂದಂತೆ ಹಗುರವೇ ಆಯಿತು. ಚಹಾ ಕುದಿಯುವಾಗ ಮಾತ್ರ, ಇದು ಹೀಗೇ ಉಳಿದರೆ ಎಂಬ ಹೆದರಿಕೆ ಹುಟ್ಟಿತು.

ಹಾಗೆಯೇ ಉಳಿಯಿತು. ಕಣ್ಣು ತೋರಿಸಲು ಮತ್ತೆ ರಾಯಚೂರಿಗೆ ಬಂದಾಗ, ಮನೆಯಲ್ಲಿ ಯಾರೂ ಇಲ್ಲದ ಹೊತ್ತು ನೋಡಿ ಹತ್ತಿರ ಕೂತೆ. ಊರಿನ ಈಜುಕೊಳದಲ್ಲಿ ಹೆಂಗಸರಿಗೆ ಬೇರೆ ಸಮಯ ಇದೆಯೆಂದು ವಿಚಾರಿಸಿಕೊಂಡಿದ್ದೆ.

"ಇಬ್ಬರೂ ಹೋಗಿ ಬರೋಣೇನ್ರಿ ಅತ್ತೀ?"

"ಎಲ್ಲಿಗೆ?"

"ಈಜಾಕ."

ಅವರು ಬಾಗಿಲ ಕಡೆ ನೋಡಿದರು. ಬಾಗಿಲು ತೆರೆದಿತ್ತು, ಓಣಿಯಲ್ಲಿ ಯಾರೂ ಇರಲಿಲ್ಲ. "ಹುಚ್ಚು ಹಿಡದದೇನು ನಿನಗ? ಮಂದಿ ಏನಂದಾರು" ಎಂದರು. ಸಿಟ್ಟಿರಲಿಲ್ಲ. ಬೇರೊಬ್ಬರ ಮನೆಯ ಸುದ್ದಿ ಆಡಿದಂತೆ ಹೇಳಿದರು.

ಕಳೆದ ದೀಪಾವಳಿಗೆ ಕಲ್ಲೂರಿಗೆ ಹೋಗಿದ್ದೆ. ಪಡಸಾಲೆಯಲ್ಲಿ ಅತ್ತೆ ಮತ್ತು ಹಿರಿಯ ಸೊಸೆ, ಅಂದರೆ ನನ್ನ ನೆಗೆಣ್ಣಿ, ಶೇಂಗಾ ಸುಲಿಯುತ್ತಿದ್ದರು. ನಾನೂ ಕೂತೆ. ನೆಗೆಣ್ಣಿ ಎದ್ದು ಒಳಗೆ ಹೋದದ್ದೇ ಕೇಳಿಬಿಟ್ಟೆ.

"ಅತ್ತೀ, ಆ ನಿಮ್ಮ ಗೆಳತಿ... ಆ ದಿನ ಹೊಳಿಯಾಗ ಏನಾತು?"

ಅವರ ಕೈ ನಿಂತಿತು. ಹೇಳುತ್ತಾರೆ ಎಂದೇ ಅನಿಸಿತು, ತುಟಿಯೂ ಅಲುಗಿತು. ಅಷ್ಟರಲ್ಲಿ ಒಳಗೆ ನೆಗೆಣ್ಣಿಯ ಬಳೆಯ ಸದ್ದಾಯಿತು.

"ಯಾ ಗೆಳತಿ? ಕಾಳಿನ ಕಡೆ ಲಕ್ಷ ಕೊಡು, ಹುಳುಕು ಅದಾವ" ಎಂದರು.

ಆ ಗೆಳತಿ ಬದುಕಿದ್ದಾಳೋ, ಆ ದಿನವೇ ಏನಾದರೂ ಆಯಿತೋ, ಇಬ್ಬರೂ ನಕ್ಕುಕೊಂಡು ಮನೆಗೆ ಬಂದರೋ, ನನಗೆ ಇಂದಿಗೂ ಗೊತ್ತಿಲ್ಲ. ಬದುವಿನ ಮೇಲಿಂದ ಏಳಬಾರದಿತ್ತು, ಬಸ್ಸು ಸ್ವಲ್ಪ ಕಾಯುತ್ತಿತ್ತು ಎಂದು ಶಾಲೆಗೆ ಹೋಗುವ ದಾರಿಯಲ್ಲಿ ಎಷ್ಟೋ ಸಲ ಅನಿಸಿದೆ. ಕೂತಿದ್ದರೂ ಅದೊಂದು ಕಥೆ ಸಿಗುತ್ತಿತ್ತು ಅಷ್ಟೇ, ಬಾಲಿಯ ಆ ಅತ್ತೆ ನನ್ನ ಜೊತೆ ವಾಪಸು ವಿಮಾನ ಹತ್ತುತ್ತಿರಲಿಲ್ಲ ಎಂದೂ ಅನಿಸುತ್ತದೆ. ಅವರು ನನಗೆ ಕೆಟ್ಟದ್ದು ಮಾಡಿದವರಲ್ಲ. ಈಗಲೂ ಕಲ್ಲೂರಿನಿಂದ ಯಾರಾದರೂ ಬಂದರೆ ನನಗೆಂದು ಹಿಂಡಿಪಲ್ಯಕ್ಕೆ ಸೊಪ್ಪು ಕಳಿಸುತ್ತಾರೆ. ಫೋನಿನಲ್ಲಿ ಮಗನೊಡನೆ ಮಾತಾಡಿ, ಕೊನೆಗೆ "ಎಲ್ಲಾರೂ ಆರಾಮ ಅದಾರಲ್ಲ" ಎನ್ನುತ್ತಾರೆ. ಆ ಎಲ್ಲರಲ್ಲಿ ನಾನೂ ಇದ್ದೇನೆ.

ಮೊನ್ನೆ ಯಜಮಾನರು ಇನ್ನೊಂದು ಪ್ರವಾಸದ ಮಾತು ತೆಗೆದರು. ಈ ಸಲ ರಜೆ ಖಂಡಿತ ಸಿಗುತ್ತದಂತೆ.

"ಯವ್ವನ್ನೂ ಕರಕೊಂಡು ಹೋಗೋಣಲ್ಲ?" ಎಂದರು.

"ನೀವು ಬಂದ್ರ ಅವರು ಬರಂಗಿಲ್ಲ ಬಿಡ್ರಿ" ಎಂದೆ.

ಅವರು ಜೋರಾಗಿ ನಕ್ಕರು, ನಾನು ಚೇಷ್ಟೆ ಮಾಡುತ್ತಿದ್ದೇನೆ ಎಂದುಕೊಂಡು. "ಹಂಗ್ಯಾಕ?" ಎಂದು ಮತ್ತೆ ಕೇಳಿದರು.

"ಮೊಣಕಾಲು ನೋಯ್ತಾವ ಅಂತಿದ್ರು" ಎಂದು ಹೇಳಿ, ಮಕ್ಕಳ ಉತ್ತರಪತ್ರಿಕೆ ತಿದ್ದುವುದಿತ್ತು, ಅದನ್ನು ಮುಂದುವರಿಸಿದೆ.