ಲಗ್ನಪತ್ರಿಕೆಯಲ್ಲೊಂದು ಖಾಲಿ ಸೈಟು

ಈ ಪ್ರಸಂಗದ ಕೆಲವು ವಿವರಗಳನ್ನು ನಾನು ತಪ್ಪಾಗಿ ನೆನಪಿಟ್ಟುಕೊಂಡಿರುವ ಸಾಧ್ಯತೆ ಧಾರಾಳವಾಗಿದೆ. ನನ್ನ ತಂಗಿ ಸುಮಳ ಲಗ್ನಪತ್ರಿಕೆ ದಂತವರ್ಣದ್ದಾಗಿತ್ತು ಎಂಬುದು ನನ್ನ ನೆನಪು. ಮಜ್ಜಿಗೆ ಬಣ್ಣದ್ದೆಂದು ಸುಮ ಹೇಳುತ್ತಾಳೆ. ಅಮ್ಮನ ಪ್ರಕಾರ ಅದಕ್ಕೆ ಬಣ್ಣವೇ ಇರಲಿಲ್ಲ. ಅದರ ಒಂದು ಪ್ರತಿ ಮಧುಗಿರಿಯ ನಮ್ಮ ಅಡುಗೆಮನೆಯಲ್ಲಿ ಈಗಲೂ ಕುಕ್ಕರಿನ ಅಡಿಯಲ್ಲಿ ಸೇವೆ ಸಲ್ಲಿಸುತ್ತಿದೆಯಾದರೂ ಸಾರು ಮತ್ತು ಅರಿಶಿನಗಳ ಕೃಪೆಯಿಂದ ಅದರ ವರ್ಣವಿಚಾರ ಈಗ ಚರ್ಚಾತೀತವಾಗಿದೆ.

ನೀವೂ ಗಮನಿಸಿರಬಹುದು, ಲಗ್ನಪತ್ರಿಕೆಗೆ ಮರಣವಿಲ್ಲ. ಮೇಲೆ ಗಣಪತಿಯಿರುವುದರಿಂದ ಕಸಕ್ಕೆ ಹಾಕುವಂತಿಲ್ಲ. ಒಳಗೆ ಓದುವುದೇನೂ ಉಳಿದಿರುವುದಿಲ್ಲ. ಆದ್ದರಿಂದ ಅದು ಕರೆಂಟು ಹೋದಾಗ ಬೀಸಣಿಗೆಯಾಗಿ, ಅಲ್ಲಾಡುವ ಟೇಬಲ್ಲಿನ ಕಾಲಿಗೆ ಆಸರೆಯಾಗಿ ಜನ್ಮಾಂತರಗಳನ್ನು ಪಡೆಯುತ್ತ ಹೋಗುತ್ತದೆ. ನಮ್ಮ ಪತ್ರಿಕೆಗೆ ಆ ಗತಿ ಬರಬಾರದು, ಅದು ಕಲಾಕೃತಿಯಾಗಬೇಕು ಎಂದು ನಾನು ಪಣ ತೊಟ್ಟೆ. ಅಕ್ಕನಾದ ನನ್ನ ಮದುವೆ ಇನ್ನೂ ದಿಗಂತದಲ್ಲೂ ಕಾಣದಿದ್ದುದರಿಂದ ನನ್ನ ಕಲಾಭಿಲಾಷೆಯನ್ನೆಲ್ಲ ತಂಗಿಯ ಮದುವೆಯ ಮೇಲೆಯೇ ಹೂಡಬೇಕಿತ್ತು.

ಕಾಗದವನ್ನೂ ಮನೆಯಲ್ಲೇ ತಯಾರಿಸಿದೆ. ನನ್ನ ಎಂ.ಎ. ಟಿಪ್ಪಣಿಗಳನ್ನು ಬಕೆಟ್ಟಿನಲ್ಲಿ ನೆನೆಹಾಕಿ, ಮಿಕ್ಸಿಯಲ್ಲಿ ರುಬ್ಬಿ, ಬೆಟ್ಟದ ಬಂಡೆಯ ಕಾವೆಲ್ಲ ಬಂದು ಬೀಳುವ ನಮ್ಮ ತಾರಸಿಯ ಮೇಲೆ ಹಪ್ಪಳದಂತೆ ಒಣಗಿಸಿದೆ. ಉನ್ನತ ಶಿಕ್ಷಣ ಕೊನೆಗೂ ಉಪಯೋಗಕ್ಕೆ ಬಂತು. ಮಿಕ್ಸಿ ಅದೇ ಆದ್ದರಿಂದ ಆಮೇಲೆ ಬಹಳ ದಿನ ನಮ್ಮ ಚಟ್ನಿಯಲ್ಲಿ ಭಾಷಾವಿಜ್ಞಾನದ ಒಗರು ಉಳಿದಿತ್ತು. ಮೇಲೊಂದು ಕೂದಲೆಳೆಯಷ್ಟು ತೆಳುವಾದ ಮಾವಿನ ತೋರಣ, ನಡುವೆ ವಧೂವರರ ಹೆಸರು, ಮುಹೂರ್ತ, ಕೊರಟಗೆರೆಯ ಕಲ್ಯಾಣಮಂಟಪ, ಅಷ್ಟೇ. ‘ಸುಖಾಗಮನ ಬಯಸುವವರು’ ಎಂಬ ಶಿರೋನಾಮೆಯಡಿ ಮುತ್ತಾತನಿಂದ ತೊಟ್ಟಿಲ ಕೂಸಿನವರೆಗೆ ಸಾಲುಗಟ್ಟಿ ನಿಲ್ಲುವ ಬಂಧುಬಳಗವನ್ನೆಲ್ಲ ನಿರ್ದಾಕ್ಷಿಣ್ಯವಾಗಿ ಹೊರಗಟ್ಟಿದೆ. ಖಾಲಿ ಜಾಗವೂ ಒಂದು ಅಲಂಕಾರ ಎಂದು ಅಮ್ಮನಿಗೆ ಉಪನ್ಯಾಸ ಕೊಟ್ಟೆ. ಕೆಳಗಿನ ಮೂಲೆಯಲ್ಲಿ ಮಾತ್ರ, ಎಳ್ಳಿನ ಗಾತ್ರದ ಅಕ್ಷರಗಳಲ್ಲಿ, ‘ವಿನ್ಯಾಸ: ವಸುಧಾ’ ಎಂದು ಹಾಕಿದೆ. ಕಲಾವಿದೆಗೆ ಅಷ್ಟಾದರೂ ಬೇಡವೇ?

ಮೊದಲ ಪತ್ರಿಕೆ ದೇವರಿಗೆ, ಎರಡನೆಯದು ವೈ.ಎನ್.ಹೊಸಕೋಟೆಯಲ್ಲಿ ಕಡಲೆಕಾಯಿ ಬೆಳೆಯುವ ಪಾಲಾಕ್ಷ ಮಾವನಿಗೆ. ಅಮ್ಮನಿಗೆ ಇರುವವನು ಅವನೊಬ್ಬನೇ ತಮ್ಮ. ಕುಂಕುಮ, ಎಲೆಅಡಿಕೆಗಳೊಂದಿಗೆ ಸುಮಳೂ ನಾನೂ ಹೋಗಿ ಕೈಗಿತ್ತೆವು. ಮಾವ ಅದನ್ನು ಹಿಂದೆಮುಂದೆ ತಿರುಗಿಸಿ, ಬಿಸಿಲಿಗೆ ಹಿಡಿದು, ಕೊನೆಗೆ ಅಲ್ಲಾಡಿಸಿಯೂ ನೋಡಿದ.

“ಇದು ಕವರು. ಪತ್ರಿಕೆ ಎಲ್ಲಮ್ಮ?”

“ಇದೇ ಮಾವ.”

“ನಮ್ಮೆಸ್ರು ಎಲ್ಲೈತೆ ಇದ್ರಾಗೆ?”

ಖಾಲಿ ಬಿಡುವುದರ ಸೌಂದರ್ಯವನ್ನು ನಾನು ಸೋದಾಹರಣವಾಗಿ ವಿವರಿಸಿದೆ. ಮಾವ ಪೂರ್ತಿ ಕೇಳಿಸಿಕೊಂಡ. “ಲೇ, ವಳ್ಳೂರ್ ತಾವೂ ನೆಲ ಖಾಲಿಯಾಗಿ ಚೆಂದಾಗೇ ಇತ್ತು. ಈಗ ನೋಡೋಗು, ಕಣ್ಣಾಯಿಸಿದಷ್ಟೂ ಸೋಲಾರ್ ಪ್ಲೇಟು. ಖಾಲಿ ಬುಟ್ರೆ ಯಾರಾನಾ ಬಂದು ಬೇಲಿ ಹಾಕ್ತಾರೆ ಕಣಮ್ಮ!” ಎಂದವನು ಕನ್ನಡಕ ಏರಿಸಿ ಪತ್ರಿಕೆಯ ಮೂಲೆಗೆ ಬಂದ. ಎಳ್ಳು ಅವನ ಕಣ್ಣಿಗೆ ಬಿತ್ತು. “ಅಲ್ಲಾ, ಎಲ್ರ ಹೆಸ್ರೂ ಕಿತ್ತಾಕ್ಬುಟ್ಟು ನಿನ್ನೆಸ್ರು ಮಾತ್ರ ಮೂಲೇಲಿ ಬಚ್ಚಿಟ್ಕಂಡಿದೀಯ?”

ಗಡಿಯಾಚೆಯ ತೆಲುಗು ಸೀಮೆಯಿಂದ ಬಂದ ಅತ್ತೆ, “ಪರವಾಲೇದು ಬಿಡಿ, ಪಾಪ, ಚಿನ್ನ ಪಿಲ್ಲ” ಎಂದು ನನ್ನನ್ನು ಚಿಕ್ಕ ಮಗುವಾಗಿಸಿ ಕಾಪಾಡಲು ನೋಡಿದರು. ಮಾವ ಜಗ್ಗಲಿಲ್ಲ. “ಪತ್ರಿಕೆಯಾಗೆ ಇಲ್ದೋನು ಪೆಂಡಾಲಾಗೆ ಹೆಂಗಿರ್ತಾನೆ? ನಾ ಬರಾಕಿಲ್ಲ.”

ಸುಮಳ ಮುಖ ನನ್ನ ಕಾಗದದ ಬಣ್ಣಕ್ಕೆ ತಿರುಗಿತು. ನಮ್ಮ ಮನೆತನದಲ್ಲಿ ಸೋದರಮಾವ ಕೈಹಿಡಿದು ಕರೆತರದೆ ಹುಡುಗಿ ಹಸೆಮಣೆ ಏರುವಂತಿಲ್ಲ. ಹಿಂದೆ ಎತ್ತಿಕೊಂಡೇ ತರುತ್ತಿದ್ದರಂತೆ. ಮಾವನ ಮಂಡಿ ಮತ್ತು ಸುಮಳ ತೂಕಗಳ ನಡುವಿನ ಒಪ್ಪಂದದಿಂದ ಅದು ಕೈಹಿಡಿಯುವುದಕ್ಕೆ ಇಳಿದಿತ್ತು. ಮಾವ ಬರದಿದ್ದರೆ ಮುಹೂರ್ತ ಮಂಟಪದಲ್ಲಿ, ಮದುಮಗಳು ಕೋಣೆಯ ಬಾಗಿಲಲ್ಲಿ. “ನಿನ್ನ ಕಲೆಗಿಷ್ಟು ಬೆಂಕಿ ಹಾಕ” ಎಂದು ಸುಮ ನನ್ನ ತೋಳು ಜಿಗುಟಿದಳು. ಆ ಜಿಗುಟು ಮಾತ್ರ ನನಗೆ ಖಚಿತವಾಗಿ ನೆನಪಿದೆ.

ಸೌಂದರ್ಯಶಾಸ್ತ್ರವನ್ನು ಮಡಚಿಟ್ಟು ಬಾಲ್‌ಪೆನ್ನು ಮುಂದೆ ಚಾಚಿದೆ. “ನೀವೇ ಬರೆದುಬಿಡಿ ಮಾವ. ಜಾಗ ಬೇಕಾದಷ್ಟಿದೆ.”

ಮಾವ ಬೇಡವೆನ್ನಲಿಲ್ಲ. ತಟ್ಟೆಯ ಕಡಲೆಕಾಯಿ (ಹುರಿದದ್ದೋ, ಬೇಯಿಸಿದ್ದೋ ಮರೆತಿದ್ದೇನೆ) ಮುಗಿಯುವವರೆಗೂ ಬರೆದ. ತಾನು, ಅತ್ತೆ, ಅತ್ತೆಯ ಅಣ್ಣತಮ್ಮಂದಿರು, ಶಿರಾದ ಚಿಕ್ಕಮ್ಮ, ನಿಡುಗಲ್ಲಿನ ದಾಯಾದಿಗಳು, ಇನ್ನೂ ನಾಮಕರಣವಾಗದ ‘ಚಿ. ಪಾಪು’ ಎಲ್ಲರೂ ಬಂದರು. ತೀರಿಹೋದ ತಾತನೂ ಪರಲೋಕದಿಂದ ಸುಖಾಗಮನ ಬಯಸಿದ. ಹೆಸರುಗಳು ತೋರಣದ ಸಂದಿಯಲ್ಲಿ ನುಸುಳಿ, ಮುಹೂರ್ತದ ಕೆಳಗೆ ತೂರಿ, ಸಂತೆದಿನದ ಪಾವಗಡ ಬಸ್ಸಿನಂತೆ ಫುಟ್‌ಬೋರ್ಡಿನಲ್ಲೆಲ್ಲ ಜೋತುಬಿದ್ದವು. “ಈಗ ಪತ್ರಿಕೆ ಅಂದ್ರೆ ಪತ್ರಿಕೆ” ಎಂದು ಮಾವ ಅದನ್ನು ಬಸ್‌ಸ್ಟ್ಯಾಂಡಿನ ಬಳಿ ಜೆರಾಕ್ಸ್ ಮಾಡಿಸಿಬಿಟ್ಟ. ನಾಲ್ಕು ತಾಲ್ಲೂಕುಗಳಲ್ಲಿ ಹಂಚಿದ್ದು ಅದನ್ನೇ.

ಶಿರಾದ ಚಿಕ್ಕಮ್ಮನಿಗೆ ಎರಡೂ ಪತ್ರಿಕೆ ಕೊಟ್ಟೆ. ನನ್ನ ಕಲಾಕೃತಿಯ ಮೇಲೆ ಚಹಾದ ಲೋಟ ಇಟ್ಟು, ಜೆರಾಕ್ಸಿನ ಮೇಲೆ ಬೆರಳಾಡಿಸುತ್ತ ಹೋಗಿ, ಒಂದೆಡೆ ನಿಂತು, ಮುಖವರಳಿಸಿದರು. ಪತ್ರಿಕೆ ನೋಡುವುದಕ್ಕಿರುವುದಲ್ಲ, ತನ್ನನ್ನು ಹುಡುಕಿಕೊಳ್ಳುವುದಕ್ಕಿರುವುದು ಎಂದು ನನಗೆ ಹೊಳೆದದ್ದು ಆಗ. ನಾನಾದರೂ ಮೊದಲು ನೋಡಿದ್ದು ಯಾವ ಮೂಲೆಯನ್ನು?

ಹೊಸ ಪಂಚೆಯುಟ್ಟ ಮಾವ ಸುಮಳ ಕೈಹಿಡಿದು, ಅವಳಿಗಿಂತ ಹೆಚ್ಚು ನಾಚುತ್ತ, ಮಂಟಪಕ್ಕೆ ಕರೆತಂದ. ಊಟದ ಪಂಕ್ತಿಯಲ್ಲಿ ಪಕ್ಕದಲ್ಲೇ ಕೂತಾಗ ನಾನು ಜೆರಾಕ್ಸ್ ಬಿಡಿಸಿ ಅವನ ಮುಂದೆ ಹಿಡಿದೆ. ಕಾಗದವೆಲ್ಲ ಕಿಕ್ಕಿರಿದಿತ್ತು, ನನ್ನ ಮೂಲೆಯೊಂದನ್ನುಳಿದು. ಅಲ್ಲಿ ನನ್ನ ಹೆಸರಿನ ಹಿಂದೆ ಮಾವ ‘ಶ್ರೀಮತಿ’ ಸೇರಿಸಿದ್ದ. ಮುಂದೆ ‘ಮತ್ತು ಶ್ರೀ’ ಎಂದು ಬರೆದು ಹೆಬ್ಬೆರಳಗಲ ಜಾಗ ಬಿಟ್ಟಿದ್ದ. ಮಾವನ ಬಾಯಿತುಂಬ ಹೋಳಿಗೆಯಿತ್ತು. ತಾಳು ಎಂಬಂತೆ ಕೈಯೆತ್ತಿದವನು ಅದೇ ಕೈಯಲ್ಲಿ ತುಪ್ಪದವನನ್ನು ಕರೆದ. ನಾನು ಕೇಳಿದ್ದಿಷ್ಟೇ:

“ಮಾವ, ಊರಿಗೆಲ್ಲ ಜಾಗ ಕೊಟ್ಟು ಇದೊಂದು ಸೈಟು ಯಾಕೆ ಖಾಲಿ ಬಿಟ್ರಿ?”